ಚರ್ಚಿನ ಗೋಡೆಯ ಮೇಲಿನ ಶ್ರೀರಂಗಪಟ್ಟಣ

ಬೆಳಗ್ಗೆ ಎದ್ದು ಪರದೆ ಸರಿಸಿದರೆ ಕಿಟಕಿಯಾಚೆ ಗೋರಿಗಳು. ಹಿಂದಿನ ಸಂಜೆ ನಾನು ಆ ಮನೆಗೆ ಬಂದಾಗ ಕತ್ತಲಾಗಿತ್ತು, ಮಳೆ ಜಿನುಗುತ್ತಿತ್ತು. ಕರೆದುಕೊಂಡು ಬಂದ, ಕೆಲಸ ಕೊಟ್ಟ ಕಚೇರಿಯ ಹೆಂಗಸು ಬೀಗದ ಕೈ ಕೊಟ್ಟು, ಹೀಟರ್ ಹಾಕುವುದನ್ನು ತೋರಿಸಿ ಹೊರಟುಹೋಗಿದ್ದಳು. ಅಕ್ಕಪಕ್ಕ ಏನಿದೆಯೆಂದು ನೋಡುವ ತ್ರಾಣ ನನಗಿರಲಿಲ್ಲ. ಈಗ ನೋಡಿದರೆ ಅಡುಗೆಮನೆಯ ಗೋಡೆಗೆ ಆತುಕೊಂಡೇ ಸ್ಮಶಾನ. ಪಾಚಿ ಹಿಡಿದು ಓರೆಯಾಗಿ ನಿಂತ ಕಲ್ಲುಗಳು, ಅವುಗಳ ನಡುವೆ ಒಂದು ಬೆಂಚು, ಬೆಂಚಿನ ಮೇಲೆ ಕೂತು ಬ್ರೆಡ್ಡು ತಿನ್ನುತ್ತಿದ್ದ ಒಬ್ಬ ಮುದುಕ. ನನ್ನನ್ನು ಕಂಡು ಅವನು ಕೈ ಎತ್ತಿದ. ನಾನು ಪರದೆ ಎಳೆದುಬಿಟ್ಟೆ.

ಯಲಿಯೂರಿನಲ್ಲಿದ್ದ ನಮ್ಮ ಯಜಮಾನರಿಗೆ ಫೋನು ಮಾಡಿ ಹೇಳಿದೆ.

"ಸುಡುಗಾಡ್ ಪಕ್ಕ ಮನೆ ಮಾಡಿದ್ದೀಯಲ್ಲಮ್ಮಿ, ಬ್ಯಾರೆ ಸಿಗ್ಲಿಲ್ವಾ?" ಎಂದರು.

"ಕೆಲ್ಸ ಕೊಟ್ಟೋರೇ ಕೊಟ್ಟಿದ್ದು ಕಣ್ರೀ. ನಾನೇನ್ ಹುಡುಕ್ಕೊಂಡ್ ಬಂದ್ನಾ?"

"ಸರಿ ಬುಡು. ಬಾಗ್ಲತ್ರ ಒಂದ್ ಪೊರಕೆ ಮಡ್ಗು. ಕಬ್ಬುಣದ್ದು ಏನಾರ ಇದ್ರೆ ತಲೆದಿಂಬಿನ್ ಕೆಳ್ಗೆ ಇಟ್ಕೊ."

ನಮ್ಮಲ್ಲಿ ಸತ್ತವರನ್ನು ಊರಾಚೆಗೆ ಒಯ್ಯುತ್ತೇವೆ. ಹೊಲವಿದ್ದವರು ಹೊಲದ ಮೂಲೆಯಲ್ಲೇ ಮಣ್ಣು ಮಾಡುತ್ತಾರೆ, ಸುಟ್ಟವರು ಬೂದಿಯನ್ನು ಹೊಳೆಗೆ ಬಿಡುತ್ತಾರೆ. ಸ್ನಾನ ಮಾಡದೆ ಮನೆಯೊಳಗೆ ಕಾಲಿಡುವುದಿಲ್ಲ. ಇಲ್ಲಿ ಊರಿನ ನಟ್ಟನಡುವೆ ಚರ್ಚು, ಚರ್ಚಿನ ಸುತ್ತ ಊರಿನ ಸತ್ತವರು, ಅವರ ಸುತ್ತ ಬದುಕಿರುವವರ ಮನೆಗಳು. ಮಕ್ಕಳು ಶಾಲೆಯ ಬಸ್ಸು ಹಿಡಿಯಲು ಗೋರಿಗಳ ನಡುವಿನ ಕಾಲುದಾರಿಯಲ್ಲೇ ಓಡುತ್ತಾರೆ. ನನಗೆ ಇದು ರೂಢಿಯಾಗಲು ಒಂದು ಚಳಿಗಾಲ ಬೇಕಾಯಿತು.

ಇಂಗ್ಲೆಂಡಿನ ಪಶ್ಚಿಮ ದಿಕ್ಕಿನ ಈ ಹಳ್ಳಿಯ ಹೆಸರು ಬರೆಯುವುದಿಲ್ಲ. ಇಲ್ಲಿಯವರು ಸಂಕೋಚದವರು, ತಮ್ಮ ವಿಷಯ ಹೊರಗೆ ಹೋಗುವುದನ್ನು ಇಷ್ಟಪಡುವುದಿಲ್ಲ. ನಾನು ಹುಟ್ಟಿದ್ದು ಕೊತ್ತತ್ತಿಯಲ್ಲಿ, ಕೊಟ್ಟದ್ದು ಯಲಿಯೂರಿಗೆ. ಮಂಡ್ಯದ ಒಂದು ಆಸ್ಪತ್ರೆಯಲ್ಲಿ ನರ್ಸಾಗಿದ್ದೆ. ಯಜಮಾನರು ಮಂಡ್ಯದಿಂದ ಮಳವಳ್ಳಿಗೆ ಬಸ್ಸು ಓಡಿಸುತ್ತಾರೆ. ಮಗಳು ಸಿಂಚನ ಪಿಯುಸಿ ಓದುತ್ತಿದ್ದಾಳೆ. ಇಲ್ಲಿ ನನ್ನ ಕೆಲಸ ಕೇರರ್ ಎಂದು. ಎಂದರೆ ವಯಸ್ಸಾದವರ ಮನೆಮನೆಗೆ ಹೋಗಿ ಅವರನ್ನು ಎಬ್ಬಿಸಿ, ತೊಳೆದು, ಬಟ್ಟೆ ತೊಡಿಸಿ, ಮಾತ್ರೆ ಕೊಟ್ಟು ಬರುವುದು. ನರ್ಸಿನ ಕೆಲಸ ಮಾಡಬೇಕಾದರೆ ಇಲ್ಲಿಯ ಪರೀಕ್ಷೆ ಪಾಸಾಗಬೇಕು, ಅದಕ್ಕೆ ಓದುತ್ತಿದ್ದೇನೆ. ನನ್ನಂಥ ಕೆಲಸಕ್ಕೆ ಬಂದವರು ಗಂಡ ಮಕ್ಕಳನ್ನು ಕರೆಸಿಕೊಳ್ಳುವಂತಿಲ್ಲ ಎಂದು ಕಾನೂನಾಗಿದೆ. ಹೊರಡುವಾಗಲೇ ಅದು ಗೊತ್ತಿತ್ತು. ಗೊತ್ತಿರುವುದು ಬೇರೆ, ಸಂಜೆಗೆ ಮನೆ ಬೀಗ ತೆಗೆದು ಒಳಗೆ ಬಂದು ಒಂದೇ ತಟ್ಟೆ ತೊಳೆಯುವುದು ಬೇರೆ.

ಮೊದಮೊದಲು ಊರನ್ನು ಅರ್ಥಮಾಡಿಕೊಳ್ಳಲು ಮನೆಗಳ ಹೆಸರು ಓದುತ್ತಾ ಸೈಕಲ್ಲಿನಲ್ಲಿ ಓಡಾಡಿದೆ. ನಮ್ಮಲ್ಲಿ ಮನೆಗೆ ದೇವರ ಹೆಸರು, ತಾಯಿಯ ಹೆಸರು ಇಡುತ್ತೇವೆ. ಇಲ್ಲಿ 'ಹಳೆಯ ಬೇಕರಿ', 'ಹಳೆಯ ಕುಲುಮೆ', 'ಹಳೆಯ ಅಂಚೆಮನೆ', 'ಹಳೆಯ ಶಾಲೆ'. ಒಂದು ಕಾಲಕ್ಕೆ ಬ್ರೆಡ್ಡು ಸುಟ್ಟದ್ದು, ಲಾಳ ಬಡಿದದ್ದು, ಮಗ್ಗಿ ಹೇಳಿದ್ದು ಎಲ್ಲ ಈಗ ವಾಸದ ಮನೆ. ಎಷ್ಟೋ ಮನೆಗಳಿಗೆ ಪಟ್ಟಣದವರು ರಜೆಗೆ ಮಾತ್ರ ಬರುತ್ತಾರೆ. ಕೊತ್ತತ್ತಿಯಲ್ಲಿ ನಾಲೆಗೆ ನೀರು ಬಿಟ್ಟರೆ ಇಡೀ ಊರು ಗದ್ದೆಯಲ್ಲಿರುತ್ತದೆ, ಕೂಗಾಟ ಕೇಳುತ್ತದೆ. ಇಲ್ಲಿ ಇಷ್ಟೊಂದು ಹಸಿರು, ಇಷ್ಟೊಂದು ನೀರು, ಹೊಲದಲ್ಲಿ ಒಂದು ಆಳಿಲ್ಲ. ಒಬ್ಬನೇ ಒಬ್ಬ ರೈತ, ಒಂದು ದೊಡ್ಡ ಟ್ರ್ಯಾಕ್ಟರು.

ಮಾತೂ ಕಷ್ಟವಾಯಿತು. ನಾನು ಓದಿ ಬಂದ ಇಂಗ್ಲಿಷೇ ಬೇರೆ. ಎದುರು ಸಿಕ್ಕವರೆಲ್ಲ "ಆಲ್ ರೈಟ್?" ಎನ್ನುತ್ತಾರೆ. ನನ್ನ ಮುಖ ಅಷ್ಟು ಬಾಡಿದೆಯೇ ಎಂದುಕೊಂಡು, ರಾತ್ರಿ ಸರಿಯಾಗಿ ನಿದ್ದೆ ಬರುತ್ತಿಲ್ಲ ಎಂದು ಒಬ್ಬರಿಗೆ ವಿವರವಾಗಿ ಹೇಳಿದೆ. ಅವರು ಗಾಬರಿಯಾದರು. ಅದು ನಮ್ಮ 'ಊಟ ಆಯ್ತಾ' ಇದ್ದ ಹಾಗೆ, ಉತ್ತರ ಬೇಕಾಗಿಲ್ಲ. ಟೀಗೆ ಬನ್ನಿ ಎಂದರೆ ಇಲ್ಲಿ ಕೆಲವರ ಬಾಯಲ್ಲಿ ಅದು ರಾತ್ರಿಯ ಊಟ. ಹೀಗೆ ಗೊತ್ತಾಗದೆ ಒಮ್ಮೆ ಹೊಟ್ಟೆ ತುಂಬ ಉಂಡುಕೊಂಡೇ ಹೋಗಿದ್ದೆ. ಹೋದದ್ದು ಎನಿಡ್ ಅವರ ಮನೆಗೆ.

ಎನಿಡ್ ತೊಂಬತ್ತು ದಾಟಿದವರು, ಮದುವೆಯಾದವರಲ್ಲ. 'ಹಳೆಯ ಶಾಲೆ' ಶಾಲೆಯಾಗಿದ್ದಾಗ ಅಲ್ಲಿಯ ಕಡೆಯ ಮೇಡಂ. ಕಾಲು ಸ್ವಾಧೀನವಿಲ್ಲ, ಗಾಲಿಕುರ್ಚಿ. ನಾನು ದಿನಾ ಬೆಳಗ್ಗೆ ಸಂಜೆ ಹೋಗುತ್ತಿದ್ದುದು ಅವರ ಮನೆಗೇ. ಹೆಸರು ಹಿಡಿದು ಕರೆ ಎಂದು ಅವರ ಒತ್ತಾಯ. ಅಷ್ಟು ದೊಡ್ಡವರನ್ನು ಹೆಸರು ಹಿಡಿದು ಕರೆಯಲು ನನಗೆ ನಾಲಗೆ ಹೊರಳಲಿಲ್ಲ. ಕೊನೆಗೆ 'ಅಜ್ಜಿ' ಎಂದರೆ ಏನೆಂದು ತಿಳಿಸಿ ಹೇಳಿದೆ. ಅವರು ಅದನ್ನು ನಾಲ್ಕಾರು ಸಲ ಬಾಯಲ್ಲಿ ಆಡಿಸಿ ನೋಡಿ, "ಆಗಬಹುದು" ಎಂದರು.

ವಸಂತ ಬಂದಾಗ ಬೇಲಿಯ ಸಾಲಿನಲ್ಲಿ ನೆಟಲ್ ಎಂಬ ಗಿಡ ಚಿಗುರಿತು. ಮುಟ್ಟಿದರೆ ನಮ್ಮ ತುರುಚೆ ಗಿಡದ ಹಾಗೆ ಚುರುಚುರು ಎನ್ನುತ್ತದೆ. ಯುದ್ಧದ ಕಾಲದಲ್ಲಿ ತಮ್ಮ ತಾಯಿ ಅದರ ಕುಡಿ ಬೇಯಿಸಿ ಸೂಪು ಮಾಡುತ್ತಿದ್ದರೆಂದು ಅಜ್ಜಿ ಹೇಳಿದರು. ನಾನು ಕೈಗವಸು ತೊಟ್ಟು ಕುಡಿ ಕಿತ್ತು, ಬೇಳೆಯ ಜೊತೆ ಬೇಯಿಸಿ, ಬಸಿದು, ಮೆಣಸಿನಕಾಯಿ ಬೆಳ್ಳುಳ್ಳಿ ಅರೆದು ಖಾರ ಮಾಡಿದೆ. ಉಪ್ಪುಸಾರು ಆಯಿತು. ಊರಿಂದ ತಂದ ರಾಗಿಹಿಟ್ಟಿನಲ್ಲಿ ಒಂದು ಸಣ್ಣ ಮುದ್ದೆ. ಅಜ್ಜಿಗೆ ಖಾರ ಹಾಕದೆ ಸಾರನ್ನು ಬಟ್ಟಲಿಗೆ ಬಿಟ್ಟುಕೊಟ್ಟೆ. ಅವರು ಬಟ್ಟಲಿನ ತಳ ಕಾಣುವವರೆಗೂ ಕುಡಿದರು. ಆಮೇಲೆ, "ಅಮ್ಮನದು ಇಷ್ಟು ಚೆನ್ನಾಗಿರುತ್ತಿರಲಿಲ್ಲ" ಎಂದರು. ಇಲ್ಲಿಗೆ ಬಂದ ಮೇಲೆ ತೃಪ್ತಿಯಾಗಿ ಉಂಡೆ ಎನ್ನಿಸಿದ್ದು ಆವತ್ತೇ ಮೊದಲು.

ಚರ್ಚಿಗೆ ಹೂವು ಜೋಡಿಸುವುದಕ್ಕೆ ಊರಿನ ಹೆಂಗಸರು ಸರದಿ ಹಾಕಿಕೊಂಡಿದ್ದಾರೆ. ಅಜ್ಜಿಯ ಸರದಿ ಬಂದ ವಾರ ನಾನು ಅವರ ಕುರ್ಚಿ ತಳ್ಳಿಕೊಂಡು ಹೋದೆ. ಅವರು ಹೂವಿನ ಕಾಂಡ ಕತ್ತರಿಸುತ್ತಿದ್ದರು. ನಾನು ನೀರು ತುಂಬಿಸಿಕೊಟ್ಟು ಸುಮ್ಮನೆ ಗೋಡೆ ನೋಡುತ್ತಾ ನಡೆದೆ. ಉತ್ತರದ ಗೋಡೆಯಲ್ಲಿ ಒಂದು ಬಿಳಿಯ ಅಮೃತಶಿಲೆಯ ಹಲಗೆ. ಈ ಊರಿನ ದೊಡ್ಡ ಮನೆಯ ಕಿರಿಯ ಮಗ, ಸೈನ್ಯದಲ್ಲಿದ್ದವನು, ಇಪ್ಪತ್ತು ತುಂಬುವ ಮೊದಲೇ ಒಂದು ಕೋಟೆಗೆ ಲಗ್ಗೆ ಇಟ್ಟ ದಿನ ತೀರಿಹೋದವನು. ಎಲ್ಲಿ ಎಂಬುದನ್ನು ಮತ್ತೆ ಮತ್ತೆ ಓದಿದೆ. ಅಕ್ಷರ ಕೂಡಿಸಿ ಬಾಯಿಬಿಟ್ಟು ಓದಿದೆ. ಸೆರಿಂಗಪಟಂ.

ಆ ಅಕ್ಷರಗಳ ಮೇಲೆ ಬೆರಳಿಟ್ಟೆ.

"ಅಜ್ಜಿ, ಇದು ನಮ್ಮೂರು."

"ಯಾವುದು?"

"ಈ ಕಲ್ಲಿನ ಮೇಲಿರುವ ಊರು. ಇದು ಶ್ರೀರಂಗಪಟ್ಟಣ. ನಮ್ಮನೆ ಹತ್ತಿರ ರೈಲು ಹತ್ತಿದರೆ ಕಡಲೆಕಾಯಿ ಪೊಟ್ಟಣ ಮುಗಿಯುವಷ್ಟರಲ್ಲಿ ಹೋಗಿಬಿಡಬಹುದು."

ಅಜ್ಜಿ ಕತ್ತರಿ ಕೆಳಗಿಟ್ಟರು. ಆ ಹುಡುಗ ಅವರದೇ ಮನೆತನದವನು. ಆ ದೊಡ್ಡ ಮನೆ ಈಗ ಮದುವೆಗಳಿಗೆ ಬಾಡಿಗೆಗೆ ಕೊಡುವ ಹೋಟೆಲು, ವಂಶದಲ್ಲಿ ಉಳಿದವರು ಇವರೊಬ್ಬರೇ. ಚಿಕ್ಕಂದಿನಲ್ಲಿ ಪ್ರತಿ ಭಾನುವಾರ ಪಾದ್ರಿಯ ಮಾತು ಬೇಸರವಾದಾಗ ಆ ಕಲ್ಲನ್ನೇ ಓದುತ್ತಾ ಕೂರುತ್ತಿದ್ದರಂತೆ. ಆ ಊರು ಕಥೆಯಲ್ಲಿ ಬರುವ ಊರೆಂದೇ ಎಣಿಸಿದ್ದರಂತೆ.

"ಹಾಗಾದರೆ ಅದು ನಿಜವಾಗಿ ಇದೆಯೇ?" ಎಂದು ಕೇಳಿದರು.

"ಇದೆ. ನಮ್ಮಪ್ಪನ ಬೂದಿಯನ್ನು ಅಲ್ಲಿಯ ಹೊಳೆಯಲ್ಲೇ ಬಿಟ್ಟದ್ದು."

ಹೂವಿನ ಕೆಲಸ ಮುಗಿಸಿ ಮನೆಗೆ ಹೊರಟೆವು. ಬಾಗಿಲ ಬಳಿ ಬಂದಾಗ ಅವರು, "ಅವನ ಗೋರಿ ಅಲ್ಲಿರಬಹುದೇ?" ಎಂದರು.

ಯಜಮಾನರಿಗೆ ಹೇಳಿದೆ. ಅವರು ಮೊದಲು ನಕ್ಕರು. ರಜೆಯ ದಿನ ಬೈಕಿನಲ್ಲಿ ಹೋದರು. ಕೋಟೆಯಾಚೆ ಹೊಳೆಯ ದಂಡೆಯಲ್ಲಿ ಇಂಗ್ಲಿಷರ ಗೋರಿಗಳಿವೆ. ಅಲ್ಲಿಂದ ವೀಡಿಯೊ ಕಾಲ್ ಮಾಡಿದರು. ನಾನು ಅಜ್ಜಿಯ ಹಾಸಿಗೆಯ ಪಕ್ಕ ಕೂತು ಫೋನನ್ನು ಅವರ ಕಣ್ಣಿಗೆ ಕಾಣುವಂತೆ ಹಿಡಿದೆ. ಯಜಮಾನರು ಒಂದೊಂದು ಕಲ್ಲಿನ ಮುಂದೆಯೂ ನಿಂತು ಹೆಸರು ತೋರಿಸಿದರು. ಸವೆದು ಹೋದದ್ದನ್ನು ಕರವಸ್ತ್ರದಿಂದ ಒರೆಸಿ ತೋರಿಸಿದರು. ಬಿಸಿಲಿಗೆ ಅವರ ಅಂಗಿ ಒದ್ದೆಯಾಗಿತ್ತು. ಆ ಹೆಸರು ಸಿಗಲಿಲ್ಲ.

"ಇಲ್ಲಿಲ್ಲ ಕಣಮ್ಮಿ. ಇವೆಲ್ಲ ಆಮ್ಯಾಕ್ ಸತ್ತೋರವು. ಕೋಟೆ ಬಿದ್ ದಿನ ಸತ್ತೋರ್ನ ಎಲ್ ಹೂತ್ರೋ ಯಾರಿಗ್ ಗೊತ್ತು." ಕರವಸ್ತ್ರ ಕೊಡವಿಕೊಂಡು ಮತ್ತೆ ಹೇಳಿದರು. "ಅಲ್ಲಾ, ಆವತ್ತು ನಮ್ ಕಡೆಯೋರೂ ಬೋ ಜನ ಸತ್ರಲ್ಲ. ಅವ್ರಿಗೆ ಅಲ್ಲೂ ಕಲ್ಲಿಲ್ಲ, ಇಲ್ಲೂ ಕಲ್ಲಿಲ್ಲ. ಆ ಹುಡ್ಗನ ಹೆಸ್ರಾರ ನಿಮ್ ಅಜ್ಜಿ ಗ್ವಾಡೆ ಮ್ಯಾಲೈತೆ."

"ಏನೆಂದರು?" ಎಂದು ಅಜ್ಜಿ ಕೇಳಿದರು.

"ಸಿಗಲಿಲ್ಲವಂತೆ."

"ಅಷ್ಟು ಹೊತ್ತು ಮಾತಾಡಿದರಲ್ಲ. ಇನ್ನೇನೋ ಹೇಳಿದರು."

ನಾನು ಉಳಿದದ್ದನ್ನೂ ಹೇಳಿದೆ. ಅಜ್ಜಿ ಕಣ್ಣು ಮುಚ್ಚಿಕೊಂಡರು. ಬೇಸರವಾಯಿತೇನೋ ಎಂದುಕೊಂಡು ಫೋನು ಎತ್ತಿಟ್ಟು ಕಂಬಳಿ ಸರಿಮಾಡಿದೆ. ನಾನು ಹೊರಡುವಾಗ ಅವರು ಕಣ್ಣು ತೆರೆಯದೆ ಹೇಳಿದರು: "ಇದನ್ನು ಊರ ಹಾಲ್‌ನಲ್ಲಿ ಹೇಳು. ಎಲ್ಲರಿಗೂ."

ಹಾಲ್ ಎಂದರೆ ಊರಿನ ಸಮುದಾಯ ಭವನ. ತಗಡಿನ ಚಾವಣಿ, ಒಂದು ಸಣ್ಣ ವೇದಿಕೆ, ಮಡಚುವ ಕುರ್ಚಿಗಳು. ಊರಿನ ಇತಿಹಾಸದಲ್ಲಿ ಆಸಕ್ತಿಯಿರುವವರು ತಿಂಗಳಿಗೊಮ್ಮೆ ಅಲ್ಲಿ ಸೇರುತ್ತಾರೆ. ಅದನ್ನು ನಡೆಸುವವರು ಜೆರಾಲ್ಡ್ ಎಂಬ ನಿವೃತ್ತ ಸೇನಾಧಿಕಾರಿ, 'ಹಳೆಯ ಶಾಲೆ'ಯಲ್ಲಿ ವಾಸ. ಅಜ್ಜಿಯೇ ಅವರಿಗೆ ಹೇಳಿ ನನ್ನ ಭಾಷಣ ಇಡಿಸಿದರು. ಜೆರಾಲ್ಡ್ ನನ್ನನ್ನು ದಾರಿಯಲ್ಲಿ ನಿಲ್ಲಿಸಿ, "ನಿಮ್ಮ ಕಡೆಯ ಸೀರೆ, ಮಸಾಲೆ, ದೇವಸ್ಥಾನ, ಹೀಗೆ ಖುಷಿಯ ವಿಷಯ ಹೇಳಿ. ಜನ ಇಷ್ಟಪಡುತ್ತಾರೆ" ಎಂದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದರು.

ನನಗೆ ಹೆದರಿಕೆಯಿತ್ತು. ನನ್ನ ವೀಸಾ ನಿಂತಿರುವುದು ಕೆಲಸದ ಮೇಲೆ, ಕೆಲಸ ನಿಂತಿರುವುದು ಇವರ ಮನೆಗಳ ಮೇಲೆ. ಇಡೀ ಊರಿಗೆ ನನ್ನ ಬಣ್ಣದವಳು ನಾನೊಬ್ಬಳೇ. ಯಜಮಾನರನ್ನು ಕೇಳಿದೆ. ಅವರು, "ಸುಳ್ ಯೋಳ್ಬೇಡ, ಜಗ್ಳ ಮಾಡ್ಬೇಡ. ಇನ್ನೇನ್ ಮಾಡ್ತೀಯೋ ಮಾಡು" ಎಂದರು.

ಆ ಸಂಜೆ ಸೀರೆ ಉಟ್ಟುಕೊಂಡು ಹೋದೆ. ಮೊದಲು ಕಾವೇರಿ ಎರಡಾಗಿ ಒಡೆದು ಊರನ್ನು ಸುತ್ತುವುದನ್ನು ಹೇಳಿದೆ. ರಂಗನಾಥನ ಗುಡಿ, ಹೊಳೆಯಲ್ಲಿ ಮುಳುಗುವ ಜನ, ಅಪ್ಪನ ಬೂದಿ ಬಿಟ್ಟ ಬೆಳಗು. ಆಮೇಲೆ ಶಿವಪುರದ ಮಾತು ಬಂತು. ನಮ್ಮ ತಾತ ಹರೆಯದಲ್ಲಿ, ನಿಷೇಧ ಮುರಿದು ಸ್ವಾತಂತ್ರ್ಯ ಚಳವಳಿಯ ಬಾವುಟ ಹಾರಿಸುವುದನ್ನು ನೋಡಲು ಶಿವಪುರಕ್ಕೆ ನಡೆದುಕೊಂಡು ಹೋಗಿದ್ದವರು. ನಮ್ಮನ್ನು ಶಾಲೆಯಿಂದ ಅಲ್ಲಿಯ ಸ್ಮಾರಕ ಸೌಧಕ್ಕೆ ಕರೆದೊಯ್ದು ಸಾಲಾಗಿ ನಿಲ್ಲಿಸಿ ಮಿಠಾಯಿ ಕೊಡುತ್ತಿದ್ದರು. "ನಿಮ್ಮನ್ನು ವಾಪಸು ಕಳಿಸಿದ ಕಥೆ ಕೇಳಿಕೊಂಡೇ ನಾನು ಬೆಳೆದದ್ದು" ಎಂದೆ. ಕೆಲವರು ನಕ್ಕರು.

ಕೊನೆಗೆ ಆ ಕಲ್ಲಿನ ವಿಷಯ. ಗೋರಿ ಸಿಗಲಿಲ್ಲ ಎಂದು ಹೇಳಿದೆ. ಕೋಟೆಯೊಳಗೆ ಆ ದಿನ ನಮ್ಮಂಥ ಹಳ್ಳಿಗಳಿಂದ ಹೋದವರೂ ಸತ್ತರು, ಅವರ ಹೆಸರನ್ನು ಯಾರೂ ಕಲ್ಲಿನ ಮೇಲೆ ಬರೆಯಲಿಲ್ಲ, ಅವರ ಮನೆಯವರಿಗೂ ಇವತ್ತು ಅವರು ಯಾರೆಂದು ಗೊತ್ತಿಲ್ಲ ಎಂದೆ. "ನನಗೆ ಯಾರ ಮೇಲೂ ಸಿಟ್ಟಿಲ್ಲ. ಆ ಕಡೆಯಿಂದ ಬಂದವಳು ಇಲ್ಲಿ ನಾನೊಬ್ಬಳೇ. ಅದಕ್ಕೆ ಹೇಳಿದೆ."

ಯಾರೂ ಕೈತಟ್ಟಲಿಲ್ಲ. ಜೆರಾಲ್ಡ್ ಗಂಟಲು ಸರಿಮಾಡಿಕೊಂಡು, ಅದು ಯುದ್ಧ, ಎರಡೂ ಕಡೆ ಕಠಿಣವಾಗಿತ್ತು, ನಿಮ್ಮವರ ಬಳಿ ಬೆಂಕಿ ಉಗುಳುವ ರಾಕೆಟ್ಟುಗಳಿದ್ದವು ಎಂದರು. ಹಿಂದೆ ಗೋಡೆಗೆ ಒರಗಿ ನಿಂತಿದ್ದ ರೈತ, ಆ ಟ್ರ್ಯಾಕ್ಟರಿನವನು, ಕೇಳಿದ:

"ಇಷ್ಟೆಲ್ಲ ಗೊತ್ತಿದ್ದೂ ಇಲ್ಲಿಗೆ ಯಾಕೆ ಬಂದೆ?"

ಒರಟಾಗಿ ಕೇಳಿದ್ದಲ್ಲ, ತಿಳಿಯಬೇಕೆಂದೇ ಕೇಳಿದ.

"ಕೆಲಸಕ್ಕೆ" ಎಂದೆ. "ನಮ್ಮಲ್ಲಿ ಜಮೀನು ಮಕ್ಕಳಿಗೆಲ್ಲ ಪಾಲಾಗಿ ಎಲ್ಲರಿಗೂ ಒಂದೊಂದು ತುಂಡು ಸಿಗುತ್ತದೆ. ಆ ತುಂಡಿನಲ್ಲಿ ಮಗಳನ್ನು ಓದಿಸಲು ಆಗುವುದಿಲ್ಲ. ನಿಮ್ಮಲ್ಲಿ ಹಿರಿಯ ಮಗನಿಗೇ ಎಲ್ಲ ಹೋಗುತ್ತಿತ್ತು, ಕಿರಿಯವನಿಗೆ ಏನೂ ಇರುತ್ತಿರಲಿಲ್ಲ ಎಂದು ಅಜ್ಜಿ ಹೇಳಿದರು. ಆ ಹುಡುಗನೂ ನಮ್ಮೂರಿಗೆ ಕೆಲಸಕ್ಕೇ ಬಂದದ್ದು."

ಆ ಮಾತು ನಾನು ಯೋಚಿಸಿಕೊಂಡು ಹೋದದ್ದಲ್ಲ. ಮುಂದಿನ ಸಾಲಿನಲ್ಲಿ ಕುರ್ಚಿಯಲ್ಲಿದ್ದ ಅಜ್ಜಿ ನೆಟ್ಟ ನೋಟದಿಂದ ನನ್ನನ್ನೇ ನೋಡುತ್ತಿದ್ದರು.

ಮುಂದಿನ ವಾರ ಕೆಲಸ ಕೊಟ್ಟ ಕಚೇರಿಯಿಂದ ಫೋನು ಬಂತು. ಕೇರರ್ ಆದವಳು ಊರಿನಲ್ಲಿ ರಾಜಕೀಯ ಮಾತಾಡಿದಳೆಂದು ಯಾರೋ ದೂರಿದ್ದರು. ಒಂದು ಮನೆಯವರು ಬೇರೆ ಯಾರನ್ನಾದರೂ ಕಳಿಸಿ ಎಂದಿದ್ದರು. ಆ ಮನೆಯ ಮುದುಕಿಯ ಬೆನ್ನಿನ ಹುಣ್ಣನ್ನು ಚಳಿಗಾಲವಿಡೀ ತೊಳೆದು ವಾಸಿ ಮಾಡಿದವಳು ನಾನು. ಕೆಲಸ ಹೋದೀತೆಂದು ಹಲವು ದಿನ ಅನ್ನ ಸೇರಲಿಲ್ಲ. ಅಜ್ಜಿ ತಾವೇ ಕಚೇರಿಗೆ ಫೋನು ಮಾಡಿ, ತಮ್ಮ ಮಾತಿನ ಮೇಲೆ ನಾನು ಮಾತಾಡಿದ್ದೆಂದು ಹೇಳಿದರು. ವಿಷಯ ಅಲ್ಲಿಗೆ ನಿಂತಿತು. ಆ ಮನೆಯವರು ಮಾತ್ರ ಮತ್ತೆ ಕರೆಯಲಿಲ್ಲ. ಈಗಲೂ ಎದುರಾದರೆ ರಸ್ತೆ ದಾಟಿ ಆಚೆ ಹೋಗುತ್ತಾರೆ. ಜೆರಾಲ್ಡ್ ಹಾಗೆ ಮಾಡಲಿಲ್ಲ. ಒಂದು ದಿನ ಬಾಗಿಲು ತಟ್ಟಿ, ಆ ಊರಿನ ಹೆಸರನ್ನು ಸರಿಯಾಗಿ ಹೇಗೆ ಹೇಳಬೇಕೆಂದು ಕೇಳಿದರು. ಹೇಳಿಕೊಟ್ಟೆ.

ಯಾಕೆ ಕೇಳಿದರೆಂದು ನವೆಂಬರಿನಲ್ಲಿ ತಿಳಿಯಿತು. ಆ ತಿಂಗಳ ಒಂದು ಭಾನುವಾರ ಇಲ್ಲಿಯ ಊರೂರಲ್ಲಿ ಯುದ್ಧದಲ್ಲಿ ಸತ್ತವರ ಹೆಸರು ಓದುತ್ತಾರೆ. ಎಲ್ಲರ ಎದೆಯ ಮೇಲೂ ಕೆಂಪು ಕಾಗದದ ಗಸಗಸೆ ಹೂವು. ಇಷ್ಟು ಸಣ್ಣ ಊರಿನಿಂದ ಅಷ್ಟು ಹೆಸರುಗಳು. ಒಂದೇ ಮನೆಯ ಅಣ್ಣತಮ್ಮಂದಿರು, ಅದೇ ಮನೆತನದ ಹೆಸರು ಮತ್ತೆ ಮತ್ತೆ. ನನಗೆ ಅಳು ಬಂತು. ಯಾರ ಮಕ್ಕಳಾದರೇನು. ಹೆಸರು ಓದುತ್ತಿದ್ದವರು ಜೆರಾಲ್ಡ್. ಎರಡು ಮಹಾಯುದ್ಧಗಳ ಹೆಸರು ಮುಗಿದ ಮೇಲೆ ಅವರು ಕಾಗದ ಮಡಚಿ, ಅಜ್ಜಿಯ ಕಡೆ ನೋಡಿ, ಆ ಕಿರಿಯ ಮಗನ ಹೆಸರು ಹೇಳಿದರು. "ಮತ್ತು ಅದೇ ದಿನ ಶ್ರೀರಂಗಪಟ್ಟಣದ ಕೋಟೆಯೊಳಗೆ ಸತ್ತ, ನಮಗೆ ಹೆಸರು ಗೊತ್ತಿಲ್ಲದವರು" ಎಂದರು. ಊರಿನ ಹೆಸರು ಸರಿಯಾಗಿ ಬರಲಿಲ್ಲ, ಕೊನೆಯ ಅಕ್ಷರದಲ್ಲಿ ನಾಲಗೆ ತೊಡರಿತು. ಆಮೇಲೆ ಎಲ್ಲರೂ ಮೌನವಾಗಿ ನಿಂತರು. ಆ ರೈತ ಟೋಪಿ ತೆಗೆದು ತಲೆ ತಗ್ಗಿಸಿದ್ದ. ಅಜ್ಜಿ ನನ್ನ ಕೈ ಹಿಡಿದುಕೊಂಡರು. ಅವರ ಬೆರಳು ತಣ್ಣಗಿದ್ದವು.

ಬೇಸಿಗೆಯಲ್ಲಿ ರಜೆ ಸಿಕ್ಕಿತು, ಊರಿಗೆ ಬಂದೆ. ಮಗಳು ನನಗಿಂತ ಎತ್ತರವಾಗಿದ್ದಳು. ಮೊದಲ ದಿನ ಅಡುಗೆಮನೆಯಲ್ಲಿ ಡಬ್ಬಿಗಳು ಬೇರೆ ಕಡೆ ಇದ್ದವು, ಉಪ್ಪು ಎಲ್ಲಿದೆಯೆಂದು ಅವಳನ್ನೇ ಕೇಳಬೇಕಾಯಿತು. ಬಸ್ಸಿನಲ್ಲಿ ಪಕ್ಕದವಳು ಮೈಮೇಲೆ ಒರಗಿ ಕೂತರೆ ಹಿತವಾಯಿತು, ಸ್ವಲ್ಪ ಹೊತ್ತಿಗೆ ಉಸಿರು ಕಟ್ಟಿದ ಹಾಗೂ ಆಯಿತು. ಗಲಾಟೆಗೆ ತಲೆನೋವು ಬಂತು. ಮಂಡ್ಯದ ಪೇಟೆಯಲ್ಲಿ ಕಾಲು ತುಳಿದವನಿಗೆ ನಾನೇ 'ಸಾರಿ' ಎಂದೆ. ಸಿಂಚನ ಬಿದ್ದು ಬಿದ್ದು ನಕ್ಕಳು.

ಒಂದು ಮಧ್ಯಾಹ್ನ ಯಜಮಾನರು ಬೈಕಿನಲ್ಲಿ ಶ್ರೀರಂಗಪಟ್ಟಣಕ್ಕೆ ಕರೆದುಕೊಂಡು ಹೋದರು. ಹೊಳೆಯಲ್ಲಿ ಕಾಲು ತೊಳೆದು, ಕೋಟೆಯ ಗೋಡೆ ಒಡೆದ ಜಾಗದಲ್ಲಿ ನಿಂತೆವು. ಕೆಳಗೆ ಬಂಡೆಗಳ ನಡುವೆ ಹೆಂಗಸರು ಬಟ್ಟೆ ಒಗೆಯುತ್ತಿದ್ದರು. ಚರ್ಚಿನ ಕಲ್ಲಿನ ಆ ಹುಡುಗ ಬಂದದ್ದು ಈ ಹೊಳೆ ದಾಟಿಯೇ ಇರಬೇಕು. ಮೇ ತಿಂಗಳ ಬಿಸಿಲು. ಅವನ ಊರಿನಲ್ಲಿ ಈಗ ಬೇಲಿಯ ತುಂಬ ಬಿಳಿ ಹೂವು ಬಿಟ್ಟಿರುತ್ತದೆ, ಸಂಜೆ ಬಹಳ ಹೊತ್ತು ಬೆಳಕಿರುತ್ತದೆ. ಅದು ನನಗೆ ಕಣ್ಣಿಗೆ ಕಟ್ಟಿದ ಹಾಗೆ ಕಂಡಿತು. ಹುಟ್ಟಿದ ಸೀಮೆಯಲ್ಲಿ ನಿಂತು ಆ ಊರಿಗೆ ಹಂಬಲಿಸುತ್ತಿದ್ದೇನೆ ಎಂದು ಯಾರಿಗೆ ಹೇಳಲಿ. ಗಡಿಯಾರ ನೋಡಿಕೊಂಡೆ.

"ಏನ್ ಯೋಚ್ನೆ?" ಎಂದರು ಯಜಮಾನರು.

"ಅಲ್ಲೀಗ ಬೆಳಗಾಗಿರುತ್ತೆ. ಅಜ್ಜಿಗೆ ಮಾತ್ರೆ ಕೊಟ್ರೋ ಇಲ್ವೋ. ನನ್ನ ಬದಲು ಬಂದಿರೋ ಹೊಸಬಳಿಗೆ ಅವರನ್ನ ಮಗ್ಗುಲು ತಿರುಗಿಸೋದು ಸರಿಯಾಗಿ ಬರಲ್ಲ."

ಅವರು ಜೇಬಿನಿಂದ ಬೈಕಿನ ಕೀ ತೆಗೆದರು. "ಅಲ್ಲಿದ್ರೆ ನಾವ್ ಉಂಡ್ವಾ ಬುಟ್ವಾ ಅಂತ ಚಿಂತೆ. ಇಲ್ಲಿಗ್ ಬಂದ್ರೆ ಆ ಮುದ್ಕಿ ಮಾತ್ರೆ ಚಿಂತೆ" ಎಂದರು. ದನಿಯಲ್ಲಿ ಸಿಟ್ಟಿರಲಿಲ್ಲ. "ಫೋನ್ ಮಾಡ್ ಕೇಳು. ಆಮೇಲ್ ಓಗಾನ."

ಅವರು ಹೋಗಿ ಬೈಕಿನ ಮೇಲೆ ಕೂತು, ಬಿಸಿಲಿಗೆ ಕಾದ ಹಿಂದಿನ ಸೀಟನ್ನು ಅಂಗೈಯಿಂದ ಒರೆಸುತ್ತಾ ಕಾದರು. ನಾನು ನಂಬರು ಒತ್ತಿದೆ.